ಸ್ಕ್ಯಾನ್ ರಿಪೋರ್ಟಿನ ಉದ್ದ ಪದ: ‘ಹೈಡ್ರೋಯುರೆಟರೋನೆಫ್ರೋಸಿಸ್’ ಓದುವುದು ಹೇಗೆ?

ಬೇಸಿಗೆ ಏರುತ್ತಿದ್ದಂತೆ ವಿಜಯಪುರ, ಬಾಗಲಕೋಟೆ ಕಡೆ ಹೊಟ್ಟೆಯ ಸ್ಕ್ಯಾನ್ ಮಾಡಿಸಿಕೊಂಡು ಬಂದವರ ಕೈಯಲ್ಲಿ ಈ ಸಾಲಿನ ರಿಪೋರ್ಟು ಕಾಣುವುದುಂಟು: ‘ಮೈಲ್ಡ್ ಲೆಫ್ಟ್ ಹೈಡ್ರೋಯುರೆಟರೋನೆಫ್ರೋಸಿಸ್’. ಹೇಳಹೊರಟರೆ ನಾಲಿಗೆ ತೊಡರುತ್ತದೆ. ಮೊಬೈಲಿನಲ್ಲಿ ಹುಡುಕಿದರೆ ಕಿಡ್ನಿ ವೈಫಲ್ಯದ ಚಿತ್ರಗಳು ಬಂದು ಕೂರುತ್ತವೆ. ಸಂಜೆಯ ಹೊತ್ತಿಗೆ ಮನೆಯಲ್ಲಿ ‘ಕಿಡ್ನಿ ಹೋತಂತ’ ಎಂಬ ಮಾತು ಎದ್ದಿರುತ್ತದೆ.

ಅಸಲಿಗೆ ಇದು ರೋಗದ ಹೆಸರೇ ಅಲ್ಲ, ಸ್ಕ್ಯಾನ್ ಮಾಡಿದವರಿಗೆ ಕಂಡ ಸ್ಥಿತಿಯ ಹೆಸರು. ಕಿಡ್ನಿಯಿಂದ ಕೆಳಗಿಳಿಯಬೇಕಾದ ಮೂತ್ರ ನಿಂತಿದೆ, ಅದರಿಂದ ಮೂತ್ರನಾಳವೂ ಕಿಡ್ನಿಯ ಒಳಗಿನ ಬಟ್ಟಲೂ ಹಿಗ್ಗಿವೆ ಎನ್ನುವುದಷ್ಟೇ ಇದರ ಅರ್ಥ. ಏಕೆ ನಿಂತಿದೆ ಎಂಬುದನ್ನು ಪದ ಹೇಳುವುದಿಲ್ಲ. ಅದಕ್ಕೆ ರಿಪೋರ್ಟಿನ ಉಳಿದ ಸಾಲುಗಳನ್ನು ಓದಬೇಕು.

ಕೃಷ್ಣಾ ತೀರದವರಿಗೆ ಇದನ್ನು ಒಂದೇ ಮಾತಿನಲ್ಲಿ ಹೇಳಬಹುದು: ಹಿನ್ನೀರು. ಆಲಮಟ್ಟಿಯಲ್ಲಿ ಗೇಟು ಇಳಿಸಿದರೆ ಕೃಷ್ಣೆ ಏರಿ, ಘಟಪ್ರಭೆಯ ಪಾತ್ರದೊಳಗೆ ಹಿಂದೆ ಸರಿದು, ಹಳೇ ಬಾಗಲಕೋಟೆಯ ಅಂಚಿನವರೆಗೂ ನೀರು ಬಂದು ನಿಲ್ಲುತ್ತದೆ. ಮುಳುಗುವುದು ಬಾಗಲಕೋಟೆಯಾದರೂ ಅಡ್ಡಿ ಇರುವುದು ಆಲಮಟ್ಟಿಯಲ್ಲಿ. ಈ ಚಿತ್ರ ತಲೆಯಲ್ಲಿದ್ದರೆ ಮುಂದಿನದು ಸುಲಭ.

ಮೊದಲು ಪದವನ್ನು ಬಿಡಿಸಿ

‘ಹೈಡ್ರೋ’ ಎಂದರೆ ನೀರು. ‘ಯುರೆಟರ್’ ಎಂದರೆ ಕಿಡ್ನಿಯಿಂದ ಮೂತ್ರಕೋಶಕ್ಕೆ ಇಳಿಯುವ ನಾಳ. ‘ನೆಫ್ರೋಸ್’ ಎಂದರೆ ಕಿಡ್ನಿ, ‘ಓಸಿಸ್’ ಎಂದರೆ ಸ್ಥಿತಿ. ನಾಲ್ಕೂ ಗ್ರೀಕ್ ಮೂಲದವು. ನೀರು, ನಾಳ, ಕಿಡ್ನಿ, ಸ್ಥಿತಿ ಎಂದು ಅದೇ ಕ್ರಮದಲ್ಲಿ ಕನ್ನಡಕ್ಕೆ ತಂದರೂ ಅರ್ಥ ಕೆಡುವುದಿಲ್ಲ. ನಮ್ಮ ತತ್ಪುರುಷ ಸಮಾಸದಂತೆ ಇಲ್ಲಿಯೂ ಪ್ರಧಾನ ಪದ ಕೊನೆಯಲ್ಲಿರುತ್ತದೆ. ಹಾಗಾಗಿ ಇಂಥ ಪದ ಸಿಕ್ಕಾಗ ಬಾಲದಿಂದ ಓದುವುದು ಒಳ್ಳೆಯ ರೂಢಿ.

ನಡುನಡುವೆ ಬರುವ ‘ಓ’ಕಾರಕ್ಕೆ ಸ್ವಂತ ಅರ್ಥವಿಲ್ಲ, ಅದು ಬೆಸುಗೆ ಮಾತ್ರ. ಕನ್ನಡದ ಆಗಮ ಸಂಧಿಯಲ್ಲಿ ಎರಡು ಸ್ವರಗಳ ನಡುವೆ ಯಕಾರ, ವಕಾರ ಬರುವಂತೆ ಅಲ್ಲಿ ಎರಡು ವ್ಯಂಜನಗಳ ನಡುವೆ ‘ಓ’ ಬರುತ್ತದೆ: ಯುರೆಟರ್, ಓ, ನೆಫ್ರ್. ಕೊನೆಯಲ್ಲಿ ‘ನೆಫ್ರೋ’ಗೆ ‘ಓಸಿಸ್’ ಸೇರುವಾಗ ಒಂದು ‘ಓ’ ಬಿದ್ದುಹೋಗುತ್ತದೆ. ಊರು ಮತ್ತು ಅಲ್ಲಿ ಸೇರಿ ‘ಊರಲ್ಲಿ’ ಆಗುವ ಲೋಪ ಸಂಧಿಯಂತೆಯೇ ಇದು. ಹೇಳುವಾಗ ಮೂರು ಉಸಿರಿಗೆ ಒಡೆದುಕೊಳ್ಳಿ: ಹೈಡ್ರೋ, ಯುರೆಟರೋ, ನೆಫ್ರೋಸಿಸ್. ಕೆಲವರು ಇಷ್ಟುದ್ದ ಬರೆಯದೆ ‘ಎಚ್‌ಯುಎನ್’ ಅಥವಾ ‘ಎಚ್‌ಡಿಯುಎನ್’ ಎಂದು ಮುಗಿಸುತ್ತಾರೆ. ಅದೂ ಇದೇ ಪದ.

ಬಿಡಿಸುವಾಗ ಎಡವುವ ಜಾಗಗಳಿವೆ. ದೊಡ್ಡ ಗೊಂದಲಕ್ಕೆ ಕಾರಣ ಕನ್ನಡದ್ದೇ: ‘ಯುರೆಟರ್’ಗೂ ‘ಯುರೆಥ್ರಾ’ಕ್ಕೂ ನಾವು ‘ಮೂತ್ರನಾಳ’ ಎಂದುಬಿಡುತ್ತೇವೆ. ಮೊದಲನೆಯದು ಕಿಡ್ನಿಯಿಂದ ಮೂತ್ರಕೋಶಕ್ಕೆ ಬರುವ ನಾಳ. ಎಡಕ್ಕೊಂದು ಬಲಕ್ಕೊಂದು, ದೊಡ್ಡವರಲ್ಲಿ ಸುಮಾರು 25ರಿಂದ 30 ಸೆಂ.ಮೀ. ಉದ್ದ, ಒಳದಾರಿ ಕೆಲವೇ ಮಿ.ಮೀ. ಎರಡನೆಯದು ಮೂತ್ರಕೋಶದಿಂದ ಹೊರಬರುವ ಒಂದೇ ದಾರಿ. ಈ ಪದದಲ್ಲಿರುವುದು ಮೇಲಿನ ನಾಳ. ‘ಮೇಲಿನ ನಾಳ, ಕೆಳಗಿನ ನಾಳ’ ಎಂದು ಬೇರ್ಪಡಿಸಿ ಹೇಳಿದರೆ ಮನೆಯವರಿಗೆ ಬೇಗ ತಿಳಿಯುತ್ತದೆ.

ಪದದ ಕೊನೆಯ ತುಂಡು ‘ನೆಫ್ರೋಸಿಸ್’ ಒಂದನ್ನೇ ಕತ್ತರಿಸಿ ಹುಡುಕಬೇಡಿ. ಒಂಟಿಯಾಗಿ ಬಂದಾಗ ಅದು ಮೂತ್ರದಲ್ಲಿ ಪ್ರೋಟೀನ್ ಸೋರಿ ಮೈ ಬಾಯುವ ಬೇರೆಯೇ ಕಾಯಿಲೆಯತ್ತ ಕರೆದೊಯ್ಯುತ್ತದೆ. ‘ಓಸಿಸ್’ ಬದಲು ‘ಐಟಿಸ್’ ಇದ್ದರೆ ಉರಿಯೂತ. ಇನ್ನು ‘ಪಯೋನೆಫ್ರೋಸಿಸ್’ ಎಂದಿದ್ದರೆ ಒಳಗೆ ನಿಂತಿರುವುದು ಬರೀ ಮೂತ್ರವಲ್ಲ, ಕೀವು. ‘ಪಯೆಲೋ’ ಎಂಬುದು ಕಿಡ್ನಿಯ ಬಟ್ಟಲಿನ ಹೆಸರು, ‘ಪಯೋ’ ಎಂಬುದು ಕೀವು. ಒಂದು ಅಕ್ಷರ ಹೆಚ್ಚುಕಡಿಮೆಯಾದರೂ ಅರ್ಥ ಬದಲಾಗುತ್ತದೆ.

ನಡುವಿನ ‘ಯುರೆಟರೋ’ ಇದೆಯೋ ಇಲ್ಲವೋ ನೋಡಿ

ಪದದ ನಿಜವಾದ ಉಪಯೋಗ ಇರುವುದು ಇಲ್ಲಿ. ‘ಹೈಡ್ರೋನೆಫ್ರೋಸಿಸ್’ ಎಂದಷ್ಟೇ ಬರೆದಿದ್ದರೆ ಕಿಡ್ನಿಯ ಬಟ್ಟಲು ಮಾತ್ರ ಹಿಗ್ಗಿದೆ, ನಾಳ ಹಿಗ್ಗಿದ್ದು ಕಂಡಿಲ್ಲ. ಅಂದರೆ ಅಡ್ಡಿ ಬಹುತೇಕ ಬಟ್ಟಲೂ ನಾಳವೂ ಕೂಡುವ ಜಾಗದಲ್ಲೇ ಇರಬೇಕು. ರಿಪೋರ್ಟು ಇದನ್ನು ‘ಪಿಯುಜೆ’ ಎನ್ನುತ್ತದೆ. ‘ಯುರೆಟರೋ’ ಸೇರಿಕೊಂಡಿದ್ದರೆ ಹಿನ್ನೀರು ನಾಳದಲ್ಲೂ ನಿಂತಿದೆ, ಅಡ್ಡಿ ಅದಕ್ಕಿಂತ ಕೆಳಗಿದೆ. ಅಣೆಕಟ್ಟಿನ ಮೇಲ್ಭಾಗದಲ್ಲಿ ಮಾತ್ರ ಹಿನ್ನೀರು ನಿಲ್ಲುತ್ತದಲ್ಲವೇ? ಹಾಗೆಯೇ ನಾಳ ಎಲ್ಲಿಯವರೆಗೆ ಹಿಗ್ಗಿದೆಯೋ ಅಲ್ಲಿಯೇ ಹುಡುಕಬೇಕು.

ಮೂತ್ರನಾಳ ಸಹಜವಾಗಿಯೇ ಮೂರು ಕಡೆ ಕಿರಿದು: ಕಿಡ್ನಿಯಿಂದ ಹೊರಡುವಲ್ಲಿ, ಸೊಂಟದ ದೊಡ್ಡ ರಕ್ತನಾಳಗಳನ್ನು ದಾಟುವಲ್ಲಿ, ಮೂತ್ರಕೋಶದೊಳಗೆ ತೂರುವಲ್ಲಿ. ಕೊನೆಯದಕ್ಕೆ ‘ವಿಯುಜೆ’ ಅಥವಾ ‘ಯುವಿಜೆ’ ಎಂದು ಬರೆಯುತ್ತಾರೆ. ಹರಳು ಸಿಕ್ಕಿಕೊಳ್ಳುವುದು ಹೆಚ್ಚಾಗಿ ಇವುಗಳಲ್ಲೇ. ಅದನ್ನು ನಮ್ಮ ಹಳ್ಳಿಗಳಲ್ಲಿ ‘ಹಳ್ಳ ಆಗ್ಯಾವ’ ಎನ್ನುವವರಿದ್ದಾರೆ, ಬೆಳಗಾವಿಯ ಗಡಿ ಊರುಗಳಲ್ಲಿ ಮರಾಠಿಯ ‘ಮುತಖಡಾ’ ನಡೆಯುತ್ತದೆ. ಇಂಗ್ಲಿಷ್ ರಿಪೋರ್ಟಿನಲ್ಲಿ ಅದೇ ‘ಕ್ಯಾಲ್ಕ್ಯುಲಸ್’.

ಕಾರಣದ ಸಾಲು ಹುಡುಕುವುದು

ಉದ್ದ ಪದದ ಹಿಂದುಮುಂದಿನ ಮಾತುಗಳನ್ನು ಈಗ ನೋಡಿ. ‘ಲೆಫ್ಟ್’ ಎಡ, ‘ರೈಟ್’ ಬಲ, ‘ಬೈಲ್ಯಾಟರಲ್’ ಎರಡೂ ಕಡೆ. ‘ಮೈಲ್ಡ್, ಮಾಡರೇಟ್, ಗ್ರಾಸ್’ ಅಥವಾ ‘ಸಿವಿಯರ್’ ಎಂಬುವು ಹಿಗ್ಗಿದ ಪ್ರಮಾಣವನ್ನು ಹೇಳುತ್ತವೆ. ಇವು ನೋವಿನ ಅಳತೆಯಲ್ಲ. ತಟ್ಟನೆ ಸಿಕ್ಕಿಕೊಂಡ ಸಣ್ಣ ಹರಳು ‘ಮೈಲ್ಡ್’ ಬಾವಿನಲ್ಲೇ ಮನುಷ್ಯನನ್ನು ಹೊರಳಾಡಿಸುತ್ತದೆ. ತಿಂಗಳುಗಟ್ಟಲೆ ನಿಧಾನಕ್ಕೆ ಕಟ್ಟಿಕೊಂಡ ‘ಗ್ರಾಸ್’ ಬಾವು ಸದ್ದಿಲ್ಲದೆ ಕಿಡ್ನಿಯನ್ನು ತೆಳುವಾಗಿಸಬಹುದು. ‘ನೋವು ಹೋತು, ಆರಾಮ ಆತು’ ಎಂದು ಮರುಸ್ಕ್ಯಾನ್ ಬಿಡುವುದು ಅದಕ್ಕೇ ತಪ್ಪು.

ಆಮೇಲೆ ‘ಸೆಕೆಂಡರಿ ಟು’, ‘ಡ್ಯೂ ಟು’ ಎಂಬ ಮಾತಿದೆಯೇ ನೋಡಿ. ಅದರ ಮುಂದೆ ಇರುವುದೇ ಕಾರಣ. ಹರಳಾಗಿದ್ದರೆ ಅಳತೆ ಇರುತ್ತದೆ, ಅಳತೆಯ ಮಾನವನ್ನು ಎರಡು ಸಲ ಓದಿ. 0.6 ಸೆಂ.ಮೀ. ಎಂದರೆ 6 ಮಿ.ಮೀ. ಒಂದು ರಿಪೋರ್ಟಿನಲ್ಲಿ 6, ಇನ್ನೊಂದರಲ್ಲಿ 0.6 ಕಂಡು ‘ಹರಳು ಕರಗೇತಿ’ ಎಂದುಕೊಳ್ಳುವವರಿದ್ದಾರೆ. ನಾಳದಲ್ಲಿರುವ 5 ಮಿ.ಮೀ.ಗಿಂತ ಸಣ್ಣ ಹರಳುಗಳಲ್ಲಿ ಹೆಚ್ಚಿನವು ತಾವಾಗಿಯೇ ಬೀಳುತ್ತವೆ. 10 ಮಿ.ಮೀ. ದಾಟಿದವು ಹಾಗೆ ಬೀಳುವುದು ಅಪರೂಪ. ನಡುವಿನವುಗಳ ಹಣೆಬರಹ ಅವು ಕೂತ ಜಾಗದ ಮೇಲಿದೆ: ಮೂತ್ರಕೋಶಕ್ಕೆ ಹತ್ತಿರವಿದ್ದಷ್ಟೂ ಬೀಳುವ ಸಂಭವ ಹೆಚ್ಚು. ಸೋಂಕಿಲ್ಲದೆ, ನೋವು ಹಿಡಿತದಲ್ಲಿದ್ದು, ಕಿಡ್ನಿಯ ಕೆಲಸ ಸರಿಯಿದ್ದರೆ ವೈದ್ಯರು ನಾಲ್ಕರಿಂದ ಆರು ವಾರ ಕಾಯಲು ಹೇಳಬಹುದು. ಅದಕ್ಕಿಂತ ಹೆಚ್ಚು ಕಾಲ ತಾವಾಗಿ ಕಾಯುವುದು ಕಿಡ್ನಿಯೊಂದಿಗೆ ಆಡುವ ಜೂಜು.

ಕಾರಣದ ಸಾಲೇ ಇಲ್ಲದಿದ್ದರೆ? ನಾಳದ ನಡುಭಾಗವನ್ನು ಕರುಳಿನ ಗಾಳಿ ಮುಚ್ಚುವುದರಿಂದ ಅಲ್ಟ್ರಾಸೌಂಡಿನಲ್ಲಿ ಅಲ್ಲಿನ ಹರಳು ತಪ್ಪಿಸಿಕೊಳ್ಳುತ್ತದೆ. ಆಗ ಬಣ್ಣದ ಔಷಧಿ ಹಾಕದ ಸಾದಾ ಸಿ.ಟಿ. ಸ್ಕ್ಯಾನ್, ಅಂದರೆ ‘ಸಿ.ಟಿ. ಕೆಯುಬಿ’ ಬೇಕಾಗುತ್ತದೆ. ಗರ್ಭಿಣಿಯಾಗಿದ್ದರೆ ಅಥವಾ ಮುಟ್ಟು ತಪ್ಪಿದ್ದರೆ ಮೊದಲೇ ಹೇಳಬೇಕು.

ಎಲ್ಲಕ್ಕೂ ಹರಳೇ ಕಾರಣವಲ್ಲ, ಈ ವಿಷಯದಲ್ಲಿ ನಮ್ಮ ಕಡೆ ಅವಸರದ ತೀರ್ಮಾನ ಹೆಚ್ಚು. ವಯಸ್ಸಾದ ಗಂಡಸರಲ್ಲಿ ಎರಡೂ ಕಡೆ ಬಾವಿದ್ದರೆ ಪ್ರೊಸ್ಟೇಟ್ ಗ್ರಂಥಿಯ ಸಾಲು ಓದಿ, ಮೂತ್ರ ಮಾಡಿದ ಮೇಲೆ ಎಷ್ಟು ಮಿ.ಲೀ. ಉಳಿಯಿತು ಎಂಬುದನ್ನೂ ನೋಡಿ. ಅಡ್ಡಿ ಮೂತ್ರಕೋಶದ ಬಾಯಿಯಲ್ಲಿದ್ದರೆ ಎರಡು ನಾಳಗಳಲ್ಲೂ ಹಿನ್ನೀರು ಏರುತ್ತದೆ. ಗರ್ಭಿಣಿಯರಲ್ಲಿ ಬಲಗಡೆ ಸ್ವಲ್ಪ ಬಾವು ಸಾಮಾನ್ಯ. ಹಾರ್ಮೋನಿನಿಂದ ನಾಳ ಸಡಿಲಾಗುತ್ತದೆ, ಬಲಕ್ಕೆ ವಾಲಿದ ಗರ್ಭಕೋಶ ಅದನ್ನು ಒತ್ತುತ್ತದೆ, ಹೆರಿಗೆಯಾದ ಕೆಲವು ವಾರಗಳಲ್ಲಿ ಇಳಿಯುತ್ತದೆ. ಗರ್ಭಕೋಶ ತೆಗೆಸಿಕೊಂಡ ಮೇಲೆ ಹೊಸದಾಗಿ ಕಂಡ ಬಾವನ್ನು ಮಾತ್ರ ಹಾಗೆ ಬಿಡಬಾರದು, ಶಸ್ತ್ರಚಿಕಿತ್ಸೆಯಲ್ಲಿ ನಾಳಕ್ಕೆ ಪೆಟ್ಟಾಗಿರಬಹುದು. ಗರ್ಭಕೋಶದ ಕೊರಳಿನ ಕ್ಯಾನ್ಸರ್ ನಾಳವನ್ನು ಒತ್ತಿದಾಗಲೂ ಇದೇ ಪದ ಬರುತ್ತದೆ. ಮಕ್ಕಳಲ್ಲಿ ಅಡ್ಡಿಯೇ ಇಲ್ಲದೆ, ಮೂತ್ರ ಮೂತ್ರಕೋಶದಿಂದ ಮೇಲಕ್ಕೆ ವಾಪಸ್ ಏರುವ ತೊಂದರೆಯಿಂದಲೂ ನಾಳ ಹಿಗ್ಗುತ್ತದೆ. ಮಗುವಿಗೆ ಜ್ವರ, ಮೂತ್ರದ ಸೋಂಕು ಪದೇಪದೇ ಬರುತ್ತಿದ್ದರೆ ಇದನ್ನು ವೈದ್ಯರಿಗೆ ನೆನಪಿಸಿ.

ಮೂತ್ರ ಕಟ್ಟಿಕೊಂಡು ಕೂತಿದ್ದಿರಾ?

ಹೊಟ್ಟೆಯ ಸ್ಕ್ಯಾನಿಗೆ ನೀರು ಕುಡಿಸಿ, ಮೂತ್ರ ತಡೆದುಕೊಂಡು ಕೂರಿಸುತ್ತಾರೆ. ಸರದಿ ಬರುವುದು ತಡವಾಗಿ ಮೂತ್ರಕೋಶ ಬಿರಿಯುವಂತಿದ್ದರೆ, ಯಾವ ಅಡ್ಡಿಯೂ ಇಲ್ಲದವರಿಗೂ ಎರಡೂ ಕಡೆ ‘ಮೈಲ್ಡ್’ ಬಾವು ಕಾಣಬಹುದು. ಪರಿಹಾರ ಸುಲಭ: ಮೂತ್ರಕ್ಕೆ ಹೋಗಿ ಬಂದು ಮತ್ತೊಮ್ಮೆ ನೋಡಿಸುವುದು. ‘ಮೂತ್ರಕ್ಕ ಹೋಗಿ ಬರ್ತೀನ್ರಿ, ಇನ್ನೊಮ್ಮೆ ಕಿಡ್ನಿ ನೋಡ್ರಿ’ ಎಂದು ಕೇಳಲು ಸಂಕೋಚ ಬೇಡ. ಇಳಿದರೆ ರಿಪೋರ್ಟಿನಲ್ಲಿ ಅದನ್ನೂ ಬರೆಯುತ್ತಾರೆ.

ಇದರ ತಿರುವುಮುರುವೂ ಇದೆ. ದಿನವಿಡೀ ಕಬ್ಬು ಕಡಿದು, ನೀರು ಕಡಿಮೆ ಕುಡಿದು ಮೈ ಒಣಗಿದವರಲ್ಲಿ ಮೂತ್ರ ತಯಾರಾಗುವುದೇ ಕಡಿಮೆ. ಅಡ್ಡಿ ಇದ್ದರೂ ಬಾವು ಸಣ್ಣದಾಗಿ ಕಾಣುತ್ತದೆ. ಪಕ್ಕೆಯಿಂದ ತೊಡೆಸಂದಿಗೆ ಇಳಿಯುವ ಕಡುನೋವು ಇದ್ದು ಸ್ಕ್ಯಾನ್ ‘ನಾರ್ಮಲ್’ ಎಂದರೆ ಅಲ್ಲಿಗೆ ಮುಗಿಸಬೇಡಿ.

ಕಾಯಬಾರದ ಸಂದರ್ಭಗಳು

ಈ ಪದ ರಿಪೋರ್ಟಿನಲ್ಲಿದ್ದು ಚಳಿಜ್ವರವೂ ಬಂದರೆ ಅದೇ ದಿನ, ರಾತ್ರಿಯಾದರೂ, ಯೂರಾಲಜಿ ವೈದ್ಯರಿರುವ ಆಸ್ಪತ್ರೆಗೆ ಹೋಗಬೇಕು. ನಿಂತ ಮೂತ್ರಕ್ಕೆ ಸೋಂಕು ತಗುಲಿದರೆ ಅದು ರಕ್ತಕ್ಕೆ ಏರಲು ಗಂಟೆಗಳು ಸಾಕು. ಬರೀ ಆ್ಯಂಟಿಬಯೋಟಿಕ್‌ನಿಂದ ಆಗುವುದಿಲ್ಲ, ಏಕೆಂದರೆ ಅಡ್ಡಿಯ ಹಿಂದೆ ನಿಂತದ್ದನ್ನು ಹೊರಗೆ ಬಿಡಲೇಬೇಕು. ಅದಕ್ಕೆ ನಾಳದೊಳಗೆ ‘ಡಿಜೆ ಸ್ಟೆಂಟ್’ ಎಂಬ ಮೆತ್ತನೆಯ ನಳಿಗೆ ಇಡುತ್ತಾರೆ, ಇಲ್ಲವೇ ಬೆನ್ನಿನಿಂದ ಕಿಡ್ನಿಗೆ ನಳಿಗೆ ಹಾಕುತ್ತಾರೆ. ಮೂತ್ರ ಪೂರ್ತಿ ನಿಂತಾಗ, ಇರುವುದು ಒಂದೇ ಕಿಡ್ನಿಯಾದಾಗ, ಎರಡೂ ಕಡೆ ಬಾವಿದ್ದು ಕ್ರಿಯಾಟಿನಿನ್ (ಕಿಡ್ನಿಯ ಕೆಲಸ ತಿಳಿಸುವ ರಕ್ತಪರೀಕ್ಷೆಯ ಅಂಕಿ) ಏರಿದಾಗ, ವಾಂತಿಯಿಂದ ನೀರೂ ಒಳಗೆ ನಿಲ್ಲದಾಗ ಕೂಡ ಹೀಗೆಯೇ ಧಾವಿಸಬೇಕು.

ನೋವಿಗೆಂದು ಮೆಡಿಕಲ್ ಅಂಗಡಿಯಿಂದ ಡೈಕ್ಲೋಫೆನಾಕ್‌ನಂಥ ಗುಳಿಗೆಗಳನ್ನು ತಂದು ದಿನಗಟ್ಟಲೆ ನುಂಗುವುದು ಬೇಡ. ಹರಳಿನ ನೋವಿಗೆ ವೈದ್ಯರೂ ಅದನ್ನೇ ಕೊಡುತ್ತಾರೆ ನಿಜ, ಆದರೆ ಕಿಡ್ನಿ ಮೊದಲೇ ಬಳಲಿದ್ದರೆ ಅದೇ ಗುಳಿಗೆ ಹೊಡೆತ ಕೊಡುತ್ತದೆ. ಬಾಳೆದಿಂಡಿನ ರಸ, ಹುರಳಿ ಕಟ್ಟು ಕುಡಿದರೆ ಸಿಕ್ಕಿಕೊಂಡ ಹರಳಿನ ಅಡ್ಡಿ ತೆರೆಯುವುದಿಲ್ಲ. ಕಡುನೋವಿನ ಹೊತ್ತಿನಲ್ಲಿ ಒತ್ತಾಯದಿಂದ ನಾಲ್ಕೈದು ಲೀಟರ್ ನೀರು, ಕೆಲವರು ಸಲಹೆ ಕೊಡುವಂತೆ ಬಿಯರ್, ಸುರಿದುಕೊಂಡರೆ ಗೇಟು ಮುಚ್ಚಿದ ಕೆರೆಗೆ ಇನ್ನಷ್ಟು ನೀರು ಬಿಟ್ಟಂತೆ. ನೋವು ಏರುತ್ತದೆ. ನೀರಿನ ಕೆಲಸ ಮುಂದಿನ ಹರಳು ಆಗದಂತೆ ನೋಡಿಕೊಳ್ಳುವುದು. ದಿನಕ್ಕೆ ಸುಮಾರು ಎರಡೂವರೆ ಲೀಟರ್ ಮೂತ್ರ ಹೋಗುವಷ್ಟು ಕುಡಿಯಬೇಕು, ಬಿಸಿಲಿನಲ್ಲಿ ದುಡಿಯುವವರು ಬೆವರಿನ ಲೆಕ್ಕವನ್ನೂ ಸೇರಿಸಿಕೊಳ್ಳಬೇಕು. ಹೃದಯದ ತೊಂದರೆ ಅಥವಾ ಕಿಡ್ನಿ ವೈಫಲ್ಯ ಇದ್ದವರು ವೈದ್ಯರು ಹೇಳಿದ ಅಳತೆಯನ್ನೇ ಪಾಲಿಸಬೇಕು.

ವೈದ್ಯರ ಮುಂದೆ ಕೂತಾಗ

‘ಕಿಡ್ನಿ ಬಾತೈತಿ’ ಎನ್ನುವುದಕ್ಕಿಂತ ಯಾವ ಕಡೆ, ಎಷ್ಟು ದಿನದಿಂದ, ಜ್ವರ ಇತ್ತೇ, ಮೂತ್ರದಲ್ಲಿ ರಕ್ತ ಹೋಯಿತೇ ಎಂಬುದನ್ನು ಹೇಳಿ. ಆಮೇಲೆ ಕೇಳಿ: ‘ಡಾಕ್ಟ್ರ, ಅಡ್ಡಿ ಎಲ್ಲೈತ್ರಿ? ಕಿಡ್ನಿ ಕೆಲಸ ಎಷ್ಟ ಉಳಿದೈತ್ರಿ? ಎಷ್ಟ ದಿನ ಕಾಯಬಹುದ್ರಿ?’ ರಿಪೋರ್ಟಿನ ಜತೆ ಹಳೆಯ ಫಿಲ್ಮು, ಕ್ರಿಯಾಟಿನಿನ್ ಚೀಟಿ, ಮೂತ್ರ ಪರೀಕ್ಷೆಯ ಚೀಟಿ ಇರಲಿ. ಹರಳು ಬಿದ್ದರೆ ಎಸೆಯಬೇಡಿ. ಮೂತ್ರವನ್ನು ಚಹಾ ಸೋಸುವ ಜರಡಿಯಲ್ಲಿ ಸೋಸಿ ಹಿಡಿದು ಪರೀಕ್ಷೆಗೆ ಕೊಟ್ಟರೆ ಅದು ಯಾವ ಜಾತಿಯ ಹರಳು ಎಂದು ತಿಳಿಯುತ್ತದೆ. ಆ ಜರಡಿಯನ್ನು ಮತ್ತೆ ಅಡುಗೆಮನೆಗೆ ಒಯ್ಯಬಾರದು, ಅಷ್ಟೇ.

ಸ್ಟೆಂಟ್ ಹಾಕಿಸಿಕೊಂಡವರ ಮುಂದಿನ ಸ್ಕ್ಯಾನಿನಲ್ಲೂ ‘ಮೈಲ್ಡ್ ಹೈಡ್ರೋಯುರೆಟರೋನೆಫ್ರೋಸಿಸ್, ಸ್ಟೆಂಟ್ ಇನ್ ಸಿಟು’ ಎಂದು ಬರುವುದುಂಟು. ನಳಿಗೆಯ ಮೂಲಕ ಮೂತ್ರ ಸ್ವಲ್ಪ ಮೇಲಕ್ಕೂ ಏರುವುದರಿಂದ ಹೀಗಾಗಬಹುದು, ಚಿಕಿತ್ಸೆ ಕೆಟ್ಟಿತೆಂದು ಆ ಸಾಲಿನಿಂದಲೇ ತೀರ್ಮಾನಿಸಬಾರದು. ‘ಇನ್ ಸಿಟು’ ಎಂದರೆ ಸ್ಟೆಂಟ್ ಇನ್ನೂ ಒಳಗಿದೆ ಎಂದರ್ಥ. ಅದನ್ನು ತೆಗೆಸುವ ತಾರೀಖನ್ನು ಡಿಸ್ಚಾರ್ಜ್ ಚೀಟಿಯಿಂದ ಮನೆಯ ಕ್ಯಾಲೆಂಡರಿಗೆ ಅಂದೇ ಬರೆದಿಡಿ. ಹೇಳಿದ ಅವಧಿ ದಾಟಿಸಿ ಮರೆತರೆ ಸ್ಟೆಂಟಿನ ಸುತ್ತಲೇ ಹರಳು ಕಟ್ಟಿ, ಹತ್ತು ನಿಮಿಷದಲ್ಲಿ ತೆಗೆಯುವ ನಳಿಗೆಗೆ ದೊಡ್ಡ ಶಸ್ತ್ರಚಿಕಿತ್ಸೆ ಬೇಕಾಗುತ್ತದೆ.

ಎಲ್ಲ ಮುಗಿದ ಮೇಲಿನ ಸ್ಕ್ಯಾನಿನಲ್ಲಿ ‘ರಿಸಾಲ್ವ್ಡ್’ ಎಂದಿದ್ದರೆ ಹಿನ್ನೀರು ಇಳಿದಿದೆ. ‘ಪರ್ಸಿಸ್ಟೆಂಟ್’ ಎಂದಿದ್ದರೆ ಇನ್ನೂ ನಿಂತಿದೆ. ಆಗ ಹಳೆಯ ನಾಳದ ಸಡಿಲಿಕೆಯೋ ಹೊಸ ಅಡ್ಡಿಯೋ ಎಂದು ತಿಳಿಯಲು ‘ಡಿಟಿಪಿಎ’ ಅಥವಾ ‘ಇಸಿ’ ರೀನೊಗ್ರಾಮ್ ಎಂಬ, ಕಿಡ್ನಿಯ ಕೆಲಸ ಅಳೆಯುವ ಸ್ಕ್ಯಾನ್ ಬರೆದುಕೊಡುತ್ತಾರೆ. ಎರಡು ಕಿಡ್ನಿಗಳಲ್ಲಿ ಯಾವುದು ಶೇಕಡಾ ಎಷ್ಟು ಕೆಲಸ ಮಾಡುತ್ತಿದೆ ಎಂಬುದೂ ಅದರಲ್ಲೇ ಸಿಗುತ್ತದೆ.