ಬಟ್ಟೆ ಲೆಕ್ಕದಲ್ಲಿ ಸ್ಟೀಲ್ ತಪ್ಪಲೆ

ಸರ್ಕಾರಿ ದುಡ್ಡಿನ ಚಿತ್ರಕ್ಕೆ ಕಾಸ್ಟ್ಯೂಮ್ ಮಾಡಿದವರಿಗೆಲ್ಲ ಇದು ಗೊತ್ತು. ಬಟ್ಟೆ ಹೊಂದಿಸೋದು ಸುಲಭ, ಬಿಲ್ ಹೊಂದಿಸೋದು ಕಷ್ಟ. ಮೂರು ಕೊಟೇಶನ್, ರೆವಿನ್ಯೂ ಸ್ಟ್ಯಾಂಪ್ ಮೇಲೆ ಸಹಿ, ಕೊನೆಗೆ ಲಂಗೋಟಿಯನ್ನೂ ಸ್ಟಾಕ್ ರಿಜಿಸ್ಟರ್‌ಗೆ ಏರಿಸಬೇಕು.

1987 ಇರಬೇಕು. ಬಾದಾಮಿ ಕಡೆಯ ಹಳ್ಳಿ, 1950ರ ಸುಮಾರಿನ ಬರಗಾಲದ ಕತೆ. 40 ಜನಕ್ಕೆ ಬಟ್ಟೆ, ಕೈಗೆ ಬಂದದ್ದು 18 ಸಾವಿರವೋ 20 ಸಾವಿರವೋ.

ಮೊದಲು ಹೊಸ ಇಳಕಲ್ ಸೀರೆ ತಂದೆ. ಸೋಡಾದಲ್ಲಿ ಕುದಿಸಿದೆ, ಇಟ್ಟಿಗೆಯಲ್ಲಿ ಉಜ್ಜಿದೆ, ಟೀ ಡಿಕಾಕ್ಷನ್‌ನಲ್ಲಿ ಅದ್ದಿದೆ. ಹೊಸ ಸೀರೆಗೆ ಕೊಳೆ ಮೆತ್ತಿದ ಹಾಗೆ ಕಂಡಿತು, ಅಷ್ಟೇ. ಉಟ್ಟ ಸೀರೆ ಎಲ್ಲ ಕಡೆ ಒಂದೇ ಸಮ ಸವೆಯಲ್ಲ. ಕೊಡ ಕೂರುವ ಸೊಂಟದ ಹತ್ತಿರ, ನಿರಿಗೆಯ ತುದಿಯಲ್ಲಿ, ಸೆರಗಿನ ಮಡಿಕೆಯಲ್ಲಿ ತೆಳ್ಳಗಾಗುತ್ತೆ. ನಾಲ್ಕು ಸಾವಿರ ನೀರಿಗೆ ಹೋಯಿತು.

ಆಗ ಹೊಳೆದದ್ದು ಪಾತ್ರೆ ವ್ಯಾಪಾರದ ದಾರಿ. ಹಳೆ ಬಟ್ಟೆಗೆ ಸ್ಟೀಲ್ ಪಾತ್ರೆ. ಚಿತ್ರದ ಪ್ರೊಡಕ್ಷನ್ ಮ್ಯಾನೇಜರ್ ಬಿದ್ದು ಬಿದ್ದು ನಕ್ಕರು. ಮೊದಲ ಎರಡು ದಿನ ಸಿಕ್ಕಿದ್ದೆಲ್ಲ ನೈಲಾನ್, ಅವರು ನಕ್ಕಿದ್ದು ಸರಿ ಅನ್ನಿಸಿತು. ಹತ್ತಿ ಸೀರೆ ಯಾರೂ ಬಿಡಲಿಲ್ಲ. ಕಡೆಗೆ ಒಬ್ಬ ಅಜ್ಜಿ ಹೇಳಿದರು: "ತಪ್ಪಲಿ ತಗೊಂಡ್ ಏನ್ ಮಾಡ್ಲಿ ತಮ್ಮಾ, ಕೌದಿಗೆ ಅರಿವಿ ಬೇಕಲ್ಲ."

ಕೌದಿ ಅಂದರೆ ಹಳೆ ಬಟ್ಟೆ ತುಂಡು ಸೇರಿಸಿ ಹೊಲಿದ ಹೊದಿಕೆ. ಮರುದಿನವೇ ಹುಬ್ಬಳ್ಳಿಯ ಟೈಲರ್ ಅಂಗಡಿಗಳಿಂದ ನಾಲ್ಕು ಮೂಟೆ ಚಿಂದಿ ತರಿಸಿದೆ. ಹೆಚ್ಚುಕಮ್ಮಿ ಪುಕ್ಕಟೆ. ತಪ್ಪಲೆಯ ಜೊತೆ ಒಂದು ಗಂಟು ಚಿಂದಿ. ಸಂಜೆಯೊಳಗೆ 30ಕ್ಕೂ ಜಾಸ್ತಿ ಸೀರೆ, ಗುಳೇದಗುಡ್ಡ ಖಣದ ಕುಪ್ಪಸಗಳು ಬೇರೆ! ಟ್ರಂಕಿನ ತಳದ್ದನ್ನೂ ತೆಗೆಯುವ ಹಾಗೆ ಏನು ಮಾತಾಡಿದೆ ಅನ್ನೋದು ನನ್ನಲ್ಲೇ ಇರಲಿ.

ಧೋತರ ಮಾತ್ರ ಹೊಸವೇ. ಅಚ್ಚ ಬಿಳಿ ಬಿಸಿಲಲ್ಲಿ ಸುಟ್ಟು ಹೋಗುತ್ತೆ, ಫಿಲ್ಮಿನಲ್ಲಿ ಬರೀ ಬೆಳ್ಳಗೆ ಕಾಣುತ್ತೆ ಅಂತ ಕ್ಯಾಮೆರಾಮನ್ ಗೊಣಗುತ್ತಿದ್ದರು. ಸಾಗರದ ಸ್ನೇಹಿತನ ಮನೆಯಿಂದ ಅಡಿಕೆ ಚೊಗರು, ಅಂದರೆ ಅಡಿಕೆ ಬೇಯಿಸಿದ ಕೆಂಪು ನೀರು, ತರಿಸಿದೆ. ತುಕ್ಕು ಹಿಡಿದ ಕಬ್ಬಿಣದ ಡ್ರಮ್ಮಿನಲ್ಲಿ ಅದ್ದಿದ್ದೇ ತಪ್ಪು, ಎಂಟು ಧೋತರ ಮಸಿ ಬಣ್ಣಕ್ಕೆ ತಿರುಗಿದವು. ಸುಮ್ನೆ ಬಿಸಾಡಲಿಲ್ಲ, ಕಮ್ಮಾರನ ಮನೆಯವರಿಗೆ ಉಡಿಸಿದೆ. ಆಮೇಲೆ ಹಿತ್ತಾಳೆ ಹಂಡೆ, ತೆಳು ಚೊಗರು. ಎಷ್ಟಕ್ಕೆ ಎಷ್ಟು ನೀರು ಅಂತ ಕೇಳಬೇಡಿ.

ರಷಸ್, ಅಂದರೆ ಎಡಿಟ್ ಆಗದ ಶೂಟಿಂಗ್ ತುಣುಕು, ನೋಡಿದ ನಿರ್ದೇಶಕರು, "ಇವರು ಊರವರಾ, ನಮ್ಮ ಜೂನಿಯರ್ ಆರ್ಟಿಸ್ಟ್‌ಗಳಾ?" ಅಂತ ಕೇಳಿದರು. ಮ್ಯಾನೇಜರ್ ಪಕ್ಕದಲ್ಲೇ ಕೂತಿದ್ದರು. ನಾನೇನೂ ಅನ್ನಲಿಲ್ಲ, ಅವರ ಕಡೆ ತಿರುಗಿ ನೋಡಿದೆ ಅಷ್ಟೇ.

ಫಜೀತಿ ಶುರುವಾದದ್ದು ಲೆಕ್ಕಪತ್ರದವರ ಹತ್ತಿರ. ಬಟ್ಟೆ ಲೆಕ್ಕದಲ್ಲಿ 26 ತಪ್ಪಲೆ ಯಾಕೆ? ಹೆಬ್ಬೆಟ್ಟು ಒತ್ತಿಸಿಕೊಂಡ ಪಟ್ಟಿ ತೋರಿಸಿದೆ. ಸೀರೆಗಳನ್ನು "ಹಳೆಯವು, ನಿರುಪಯುಕ್ತ" ಅಂತ ಬರೆದುಕೊಂಡರು. ತಪ್ಪಲೆಗಳನ್ನು ಸ್ಟಾಕ್‌ಗೆ ಒಪ್ಪಿಸಿ ಅಂದರು. ಕೊನೆಯ ಕಂತಿನಲ್ಲಿ ಸಾವಿರದ ಚಿಲ್ಲರೆ ಹಿಡಿದುಕೊಂಡದ್ದು ಇನ್ನೂ ಬಂದಿಲ್ಲ.