ಗೋಲಗುಮ್ಮಟದ ಏಳು ಪ್ರತಿಧ್ವನಿಯಿಂದ ಒಂದು ಪ್ಲಾಟ್‌ಫಾರ್ಮ್ ಗೇಮ್: ಕಥೆ ಕಟ್ಟುವುದು, ಜಿಗಿತ ಅಳೆಯುವುದು

ಪ್ಲಾಟ್‌ಫಾರ್ಮ್ ಗೇಮ್ ಅಂದರೆ ಕಟ್ಟೆಯಿಂದ ಕಟ್ಟೆಗೆ ಹಾರುತ್ತ ಸಾಗುವ ಆಟ. ಅದರಲ್ಲಿ ಆಟಗಾರ ಅತಿ ಹೆಚ್ಚು ಮಾಡುವ ಕೆಲಸ ಜಿಗಿಯುವುದು. ಕಥೆಗೂ ಜಿಗಿತಕ್ಕೂ ಸಂಬಂಧವಿಲ್ಲದಿದ್ದರೆ ಕಥೆ ನಡುನಡುವೆ ಬಂದು ಆಟ ನಿಲ್ಲಿಸುತ್ತದೆ, ಆಟಗಾರ ಓದದೆಯೇ ಬಟನ್ ಒತ್ತಿ ಮುಂದೆ ಹೋಗುತ್ತಾನೆ. ಆದ್ದರಿಂದ ಇಪ್ಪತ್ತು ಪುಟದ ಕಥೆ ಬರೆದಿಟ್ಟುಕೊಂಡು ಆಮೇಲೆ ಗೇಮ್‌ಗೆ ಕೈ ಹಾಕಬೇಡಿ. ನಾಯಕ ಮಾಡಬಲ್ಲ ಒಂದು ಕ್ರಿಯೆ ಹಿಡಿಯಿರಿ, ಕಥೆ ಅದರಿಂದಲೇ ಹೊರಡಲಿ. ವಿಜಯಪುರದಲ್ಲಿ ಕೂತು ವೈಜ್ಞಾನಿಕ ಕಥೆಯ ಗೇಮ್ ಮಾಡುವವರಿಗೆ ಆ ಕ್ರಿಯೆ ಊರಲ್ಲೇ ಇದೆ: ಗೋಲಗುಮ್ಮಟದಲ್ಲಿ ಕೂಗಿದರೆ ಮರಳಿ ಬರುವ ದನಿ.

ಕಥೆಯ ಎಲುಬು

1656ರಲ್ಲಿ ಮುಗಿದ ಗೋಲಗುಮ್ಮಟಕ್ಕೆ ಸಾವಿರ ವರ್ಷ ತುಂಬುವುದು 2656ರಲ್ಲಿ. ಕಥೆಯನ್ನು ಅಲ್ಲಿಗೆ ಒಯ್ಯಿರಿ. ಊರಿಗೆ ನೀರು ಬರುವುದು ನಿಂತಿದೆ. ಪಕ್ಕದ ತೊರವಿ ಕಡೆಯ ನೆಲದಡಿಯಲ್ಲಿ ‘ನೀರಗಂಟಿ’ ಎಂಬ ರಿಪೇರಿ ರೋಬೋಟ್ ಎಚ್ಚರಗೊಳ್ಳುತ್ತದೆ. ಅದರ ಕ್ಯಾಮೆರಾ ಕಣ್ಣು ಮಬ್ಬಾಗಿದೆ, ಹತ್ತಿರದ್ದಷ್ಟೇ ಕಾಣುತ್ತದೆ. ದೂರದ್ದು ಕಾಣಬೇಕಾದರೆ ದನಿ ಹೊರಡಿಸಬೇಕು. ಪ್ರತಿಧ್ವನಿ ಬಂದಾಗಲೊಮ್ಮೆ ಕತ್ತಲೆಯ ಮೆಟ್ಟಿಲುಗಳು ಮಿನುಗುತ್ತವೆ.

ನಕ್ಷೆಯನ್ನು ಆದಿಲಶಾಹಿ ನೀರಿನ ವ್ಯವಸ್ಥೆಯೇ ಕೊಡುತ್ತದೆ. ತೊರವಿಯಿಂದ ನೆಲದಡಿ ಸುರಂಗ, ಅದರುದ್ದಕ್ಕೂ ಗಾಳಿ ಬೆಳಕಿಗೆ ಬಾವಿಗಳು, ಊರೊಳಗೆ ನೀರಿನ ಒತ್ತಡ ತಗ್ಗಿಸಲು ಕಟ್ಟಿದ ಗಂಜ್ ಎಂಬ ಗೋಪುರಗಳು. ಸುರಂಗದಲ್ಲಿ ಅಡ್ಡಡ್ಡ ಓಟ, ಗಂಜ್‌ನಲ್ಲಿ ನೆಟ್ಟಗೆ ಏರುವುದು, ಕೊನೆಗೆ ಗುಮ್ಮಟದ ಪಿಸುಗುಟ್ಟುವ ಮೊಗಸಾಲೆ. ಮೂರು ವಲಯ, ಒಂದೊಂದರಲ್ಲಿ ಎಂಟು ಪರದೆ ಸಾಕು. 2004ರ ‘ಕೇವ್ ಸ್ಟೋರಿ’ ಎಂಬ ಗೇಮನ್ನು ಒಬ್ಬರೇ ಮಾಡಿದರು, ಅದಕ್ಕೆ ಸುಮಾರು ಐದು ವರ್ಷ ಹಿಡಿಯಿತು. ಮೊದಲ ಗೇಮ್ ಸಣ್ಣದಾಗಿರಲಿ.

ಸುರಂಗದಲ್ಲಿ ದನಿ ಎರಡು ಸಲ ಮರಳಲಿ, ಗಂಜ್‌ನಲ್ಲಿ ನಾಲ್ಕು ಸಲ, ಗುಮ್ಮಟದಲ್ಲಿ ಏಳು ಸಲ. ಪರದೆಯ ಮೇಲೆ ಎಲ್ಲೂ ಆ ಸಂಖ್ಯೆ ತೋರಿಸಬೇಡಿ. ಮೆಟ್ಟಿಲು ಕಾಣಲು ಆಟಗಾರ ತಾನಾಗಿಯೇ ಎಣಿಸಲು ಕಲಿಯುತ್ತಾನೆ. ಕೊನೆಯ ಪರದೆಯಲ್ಲಿ ಏಳಾದ ಮೇಲೆ ಎಂಟನೆಯದೊಂದು ಬರುತ್ತದೆ, ಅದು ನೀರಗಂಟಿಯ ದನಿಯಲ್ಲ. ಕಥೆಯ ತಿರುವು ಇಷ್ಟೇ, ಒಂದು ಅಕ್ಷರವೂ ಬೇಕಿಲ್ಲ. 1991ರ ‘ಅನದರ್ ವರ್ಲ್ಡ್’ ಗೇಮ್ ಅಂಕ, ಜೀವದ ಪಟ್ಟಿ ಯಾವುದನ್ನೂ ಪರದೆಗೆ ತರದೆ, ಬಹುತೇಕ ಮಾತಿಲ್ಲದೆ ಕಥೆ ಹೇಳಿತ್ತು. ಆ ದಾರಿ ಈಗಲೂ ಒಳ್ಳೆಯದೇ.

ಜಿಗಿತದ ಲೆಕ್ಕ

ಎಂಜಿನ್, ಅಂದರೆ ಗೇಮ್ ಕಟ್ಟುವ ತಂತ್ರಾಂಶ, ಗೊಡೋ 4 ಇರಲಿ. ಉಚಿತ, ಮುಕ್ತ ತಂತ್ರಾಂಶ. ಹಳೆಯ ಲ್ಯಾಪ್‌ಟಾಪ್ ಆದರೆ ಪ್ರಾಜೆಕ್ಟ್ ಶುರು ಮಾಡುವಾಗಲೇ ಕಂಪ್ಯಾಟಿಬಿಲಿಟಿ ರೆಂಡರರ್ (ಪರದೆಗೆ ಚಿತ್ರ ಮೂಡಿಸುವ ಹಗುರ ವಿಧಾನ) ಆರಿಸಿ. ಆಟದ ಪರದೆ 320×180 ಪಿಕ್ಸೆಲ್, ಟೈಲ್, ಅಂದರೆ ನೆಲ ಗೋಡೆ ಜೋಡಿಸುವ ಚೌಕ, 16 ಪಿಕ್ಸೆಲ್. ಅಗಲಕ್ಕೆ ಸರಿಯಾಗಿ 20 ಟೈಲ್ ಕೂರುತ್ತವೆ, ಎತ್ತರಕ್ಕೆ 11 ಟೈಲ್ ಕೂತು 4 ಪಿಕ್ಸೆಲ್ ಉಳಿಯುತ್ತದೆ. ಉಳಿದದ್ದನ್ನು ನೆಲದ ಅಡಿಗೆ ಬಿಡಿ.

ಗುರುತ್ವ, ವೇಗಗಳನ್ನು ಅಂದಾಜಿಗೆ ಹಾಕಿ ತಿದ್ದುತ್ತ ಕೂರಬೇಡಿ. ಎಷ್ಟು ಎತ್ತರ, ತುದಿ ಮುಟ್ಟಲು ಎಷ್ಟು ಹೊತ್ತು ಎಂದು ಮೊದಲು ನಿಶ್ಚಯಿಸಿ. ಎತ್ತರ 56 ಪಿಕ್ಸೆಲ್ (ಮೂರೂವರೆ ಟೈಲ್), ಹೊತ್ತು 0.4 ಸೆಕೆಂಡ್ ಎನ್ನೋಣ. ಎತ್ತರದ ಎರಡು ಪಟ್ಟನ್ನು ಹೊತ್ತಿನ ವರ್ಗದಿಂದ ಭಾಗಿಸಿದರೆ ಗುರುತ್ವ 700, ಬರೀ ಹೊತ್ತಿನಿಂದ ಭಾಗಿಸಿದರೆ ಜಿಗಿತದ ವೇಗ ಸೆಕೆಂಡಿಗೆ 280 ಪಿಕ್ಸೆಲ್. ಇಳಿಯುವಾಗ ಗುರುತ್ವ 1.6 ಪಟ್ಟು, ಅಂದರೆ 1120 ಇರಲಿ. ಇಲ್ಲದಿದ್ದರೆ ರೋಬೋಟ್ ಗಾಳಿಯಲ್ಲಿ ತೇಲಿದಂತೆ ಕಾಣುತ್ತದೆ. ಬಟನ್ ಬೇಗ ಬಿಟ್ಟರೆ ಏರುವ ವೇಗವನ್ನು ಅರ್ಧ ಮಾಡಿ, ಗಿಡ್ಡ ಜಿಗಿತ ಸಿಗುತ್ತದೆ.

ಲೆಕ್ಕದ 56 ಪಿಕ್ಸೆಲ್ ಆಟದಲ್ಲಿ ಪೂರ್ತಿ ಸಿಗುವುದಿಲ್ಲ. ಸೆಕೆಂಡಿಗೆ 60 ಹೆಜ್ಜೆಯಲ್ಲಿ ಲೆಕ್ಕ ನಡೆಯುವುದರಿಂದ ಎರಡು ಪಿಕ್ಸೆಲ್ ಚಿಲ್ಲರೆ ಕಡಿಮೆ ಬೀಳುತ್ತದೆ. ಹೀಗಾಗಿ ಏರಬೇಕಾದ ಕಟ್ಟೆ ಮೂರು ಟೈಲ್ ಮೀರದಿರಲಿ.

ಈಗ ಅಡ್ಡ ದೂರ. ಏರಲು 0.4, ಇಳಿಯಲು 0.316, ಒಟ್ಟು ಸುಮಾರು 0.72 ಸೆಕೆಂಡ್ ಗಾಳಿಯಲ್ಲಿ. ಓಟದ ವೇಗ 120 ಇದ್ದರೆ 86 ಪಿಕ್ಸೆಲ್, ಐದು ಟೈಲ್‌ಗಿಂತ ತುಸು ಹೆಚ್ಚು. ‘ಆರು ಟೈಲ್ ಅಂತರ ಹಾರಲಾಗದು, ಅಲ್ಲಿ ದಾರಿ ಮುಚ್ಚೋಣ’ ಎಂದುಕೊಂಡರೆ ಮೋಸ ಹೋಗುತ್ತೀರಿ. ರೋಬೋಟ್‌ನ ಮೈ 10 ಪಿಕ್ಸೆಲ್ ಅಗಲ, ಹಿಂದಿನ ಅಂಚು ಕಟ್ಟೆ ಬಿಡುವವರೆಗೂ ಅದು ನೆಲದ ಮೇಲೆಯೇ ಇದೆ. ಕಟ್ಟೆ ದಾಟಿದ ಮೇಲೂ 0.1 ಸೆಕೆಂಡ್ ಜಿಗಿಯಲು ಬಿಡುವ ರಿಯಾಯಿತಿಯನ್ನು, ಅಂದರೆ ಕಯೋಟಿ ಟೈಮ್ ಅನ್ನು, ಕೊಡಲೇಬೇಕು. ಕೊಡದಿದ್ದರೆ ‘ಬಟನ್ ಒತ್ತಿದ್ದೆ, ಹಾರಲೇ ಇಲ್ಲ’ ಎಂಬ ದೂರು ಖಂಡಿತ. ಎರಡೂ ಸೇರಿದರೆ ಆರೂವರೆ ಟೈಲ್ ಹತ್ತಿರ ಹೋಗುತ್ತದೆ. ಸುಲಭದ ಅಂತರ 4 ಟೈಲ್, ಕಷ್ಟದ್ದು 5, ದಾಟಲೇಬಾರದ್ದು 8. ಈ ಮೂರನ್ನು ಬಿಟ್ಟು ಬೇರೆ ಅಳತೆ ಬಳಸಬೇಡಿ. ನೆಲ ಮುಟ್ಟುವ ಮುಂಚೆಯೇ ಒತ್ತಿದ ಬಟನ್ನನ್ನೂ 0.1 ಸೆಕೆಂಡ್ ನೆನಪಿಟ್ಟುಕೊಳ್ಳಿ.

ರೋಬೋಟ್‌ಗೆ ಗೊಡೋದ ಕ್ಯಾರೆಕ್ಟರ್‌ಬಾಡಿ2ಡಿ ನೋಡ್ ಬಳಸಿ, ಅದರ ಚಲನೆ ನಿಮ್ಮ ಕೋಡ್‌ನ ಹಿಡಿತದಲ್ಲಿರುತ್ತದೆ. ಚಲನೆಯನ್ನು ಎಂಜಿನ್‌ಗೇ ಬಿಡುವ ರಿಜಿಡ್‌ಬಾಡಿ ಬೇಡ. ಹೊಸಬರು ಎಡವುವುದು ಡೆಲ್ಟಾದಲ್ಲಿ, ಅಂದರೆ ಒಂದು ಹೆಜ್ಜೆಗೆ ಹಿಡಿಯುವ ಹೊತ್ತಿನಲ್ಲಿ: ಗುರುತ್ವವನ್ನು ವೇಗಕ್ಕೆ ಕೂಡಿಸುವಾಗ ಡೆಲ್ಟಾದಿಂದ ಗುಣಿಸಬೇಕು, ವೇಗವನ್ನು ಮತ್ತೆ ಗುಣಿಸಬಾರದು. ರೋಬೋಟನ್ನು ಸರಿಸುವ ಮೂವ್-ಅಂಡ್-ಸ್ಲೈಡ್ ಆಜ್ಞೆ ಆ ಕೆಲಸ ತಾನೇ ಮಾಡುತ್ತದೆ. ಎರಡು ಸಲ ಗುಣಿಸಿದರೆ ರೋಬೋಟ್ ನಿಂತಲ್ಲೇ ನಿಂತಂತೆ ತೋರುತ್ತದೆ.

ಪ್ರತಿಧ್ವನಿ

ಗುಮ್ಮಟದ ಒಳವ್ಯಾಸ ಸುಮಾರು 38 ಮೀಟರ್. ದನಿ ಆಚೆ ಗೋಡೆಗೆ ಹೋಗಿ ಬರಲು 76 ಮೀಟರ್. ಸೆಕೆಂಡಿಗೆ 343 ಮೀಟರ್ ವೇಗದಲ್ಲಿ 0.22 ಸೆಕೆಂಡ್, ಅಂದರೆ ಸೆಕೆಂಡಿಗೆ 60ರ ಲೆಕ್ಕದಲ್ಲಿ 13 ಫ್ರೇಮ್. ಪ್ರತಿ 13 ಫ್ರೇಮಿಗೆ ಒಂದು ಮಿನುಗು, ಏಳಕ್ಕೆ 91 ಫ್ರೇಮ್, ಒಂದೂವರೆ ಸೆಕೆಂಡ್. ಆಟಕ್ಕೆ ಈ ಲಯ ಚೆನ್ನಾಗಿ ಹೊಂದುತ್ತದೆ.

ದನಿಗೆ ಎಂಜಿನ್‌ನ ಡಿಲೇ ಎಫೆಕ್ಟ್ ಹಾಕಬೇಡಿ. ಅದರ ಫೀಡ್‌ಬ್ಯಾಕ್ ಆನ್ ಮಾಡಿದರೆ ದನಿ ಏಳಕ್ಕೆ ನಿಲ್ಲದೆ ಕ್ಷೀಣಿಸುತ್ತ ಹೋಗುತ್ತದೆ, ಎಣಿಕೆ ಕೆಡುತ್ತದೆ, ಎಂಟನೆಯ ದನಿಯ ಅಚ್ಚರಿಯೇ ಉಳಿಯುವುದಿಲ್ಲ. ಒಂದೇ ಆಡಿಯೊ ಪ್ಲೇಯರ್‌ನಿಂದ ಮತ್ತೆ ಮತ್ತೆ ನುಡಿಸಿದರೂ ತೊಂದರೆ: ಪಾಲಿಫೊನಿ (ಒಟ್ಟಿಗೆ ನುಡಿಸಬಲ್ಲ ದನಿಗಳ ಸಂಖ್ಯೆ) ಮೊದಲಿಗೆ 1 ಇರುವುದರಿಂದ ಹೊಸ ದನಿ ಹಳೆಯದನ್ನು ಕತ್ತರಿಸುತ್ತದೆ. ಮೂಲ ದನಿಗೊಂದು, ಮರುದನಿಗಳಿಗೆ ಏಳು ಪ್ಲೇಯರ್ ಇಟ್ಟು, ಒಂದೊಂದಕ್ಕೂ ಹಿಂದಿನದಕ್ಕಿಂತ 3 ಡೆಸಿಬಲ್ ಇಳಿಸಿ. 4 ಇಳಿಸಿದರೆ ಫೋನಿನ ಸ್ಪೀಕರ್‌ನಲ್ಲಿ ಕೊನೆಯದು ಕೇಳದೆ ಹೋಗಬಹುದು. ಒಂದು ಸರಣಿ ಮುಗಿಯುವವರೆಗೆ ಇನ್ನೊಂದು ಕೂಗಿಗೆ ಅವಕಾಶ ಕೊಡಬೇಡಿ. ಮೆಟ್ಟಿಲು ಮಸುಕಾದಾಗ ಅದರ ಚಿತ್ರವಷ್ಟೇ ಮರೆಯಾಗಲಿ, ಡಿಕ್ಕಿಯ ಆಕಾರ (ಕೊಲಿಷನ್ ಶೇಪ್) ಯಾವಾಗಲೂ ಇರಲಿ.

ಮೂಲ ದನಿಯನ್ನು ಗುಮ್ಮಟದಲ್ಲೇ ಹಿಡಿಯುವ ಆಸೆ ಸಹಜ. ಅಲ್ಲಿ ಜನ ಸದಾ ಕೂಗುತ್ತಿರುತ್ತಾರೆ, ಬೆಳಗ್ಗೆ ಬಾಗಿಲು ತೆರೆದ ಕೂಡಲೇ ಏರಿರಿ. ಆದರೆ ಅಲ್ಲಿ ಹಿಡಿದ ಚಪ್ಪಾಳೆಯಲ್ಲಿ ಪ್ರತಿಧ್ವನಿ ಸೇರಿಯೇ ಇರುತ್ತದೆ, ಕೇಳಿ ಕಲಿಯಲು ಅದು ಒಳ್ಳೆಯದು. ಗೇಮ್‌ಗೆ ಬೇಕಾದ ಒಣ ದನಿಯನ್ನು ಮನೆಯಲ್ಲಿ ಹಾಸಿಗೆ, ಕೌದಿ ತುಂಬಿದ ಕೋಣೆಯಲ್ಲಿ ರೆಕಾರ್ಡ್ ಮಾಡಿ.

ಕನ್ನಡ ಅಕ್ಷರ

320×180 ಪರದೆಯಲ್ಲಿ ಒತ್ತಕ್ಷರ ಉಳಿಯುವುದಿಲ್ಲ, ‘ಸ್ವಾತಂತ್ರ್ಯ’ ಬರೀ ಮಸಿಚುಕ್ಕೆಯಾಗುತ್ತದೆ. ಪ್ರಾಜೆಕ್ಟ್ ಗಾತ್ರ 1280×720 ಇಟ್ಟು, ಆಟದ ಲೋಕವನ್ನು ಸಬ್‌ವ್ಯೂಪೋರ್ಟ್ ಕಂಟೇನರ್ (ಪರದೆಯೊಳಗಿನ ಇನ್ನೊಂದು ಪರದೆ) ಒಳಗೆ ಹಾಕಿ, ಸ್ಟ್ರೆಚ್ ಆನ್ ಮಾಡಿ ಶ್ರಿಂಕ್ 4 ಕೊಡಿ. ಚಿತ್ರ ದಪ್ಪ ಪಿಕ್ಸೆಲ್‌ನಲ್ಲಿ, ಅಕ್ಷರ ಹೊರಗಿನ ಪದರದಲ್ಲಿ ನುಣುಪಾಗಿ ಬರುತ್ತದೆ. ನೋಟೊ ಸ್ಯಾನ್ಸ್ ಕನ್ನಡ ಫಾಂಟ್, 28ರಿಂದ 32 ಗಾತ್ರ ಸಾಕು. ಟೆಕ್ಸ್‌ಚರ್ ಫಿಲ್ಟರ್ ನಿಯರೆಸ್ಟ್ ಇರಬೇಕು, ಇಲ್ಲದಿದ್ದರೆ ಚಿತ್ರ ಮಸುಕಾಗುತ್ತದೆ.

ಮಾತು ಒಂದೊಂದೇ ಅಕ್ಷರವಾಗಿ ಮೂಡಬೇಕೆಂದರೆ, ಕಾಣುವ ಅಕ್ಷರಗಳ ಸೆಟ್ಟಿಂಗ್‌ನಲ್ಲಿ ‘ಆಫ್ಟರ್ ಶೇಪಿಂಗ್’ (ಒತ್ತಕ್ಷರ ಕೂಡಿಸಿದ ಮೇಲೆ) ಆಯ್ದುಕೊಳ್ಳಿ. ‘ಬಿಫೋರ್’ ಇದ್ದರೆ ‘ಸ್ತ್ರೀ’ ಮೊದಲು ‘ಸ’, ಆಮೇಲೆ ‘ಸ್’, ಹೀಗೆ ಕಣ್ಣೆದುರೇ ರೂಪ ಬದಲಿಸುತ್ತದೆ. ಮಾತು ಕಡಿಮೆ ಇರಲಿ, ಇದ್ದದ್ದು ಊರಿನದಾಗಿರಲಿ. ಗಂಜ್‌ನ ಹಳೆಯ ಯಂತ್ರ ‘ಮ್ಯಾಲ ಹೋಗಬ್ಯಾಡ, ನೀರ ಬರತೈತಿ’ ಎಂದರೆ ಸಾಕು, ಎಚ್ಚರಿಕೆಯೂ ಆಯಿತು, ಮುಂದಿನ ಅಪಾಯದ ಸುಳಿವೂ ಆಯಿತು.

ಕೆಲಸದ ಸರದಿ ಹೀಗಿರಲಿ: ಬೂದು ಚೌಕಗಳಲ್ಲೇ ಜಿಗಿತ, ಆಮೇಲೆ ಪ್ರತಿಧ್ವನಿ, ಆಮೇಲೆ 24 ಪರದೆ, ಚಿತ್ರ ಕಟ್ಟಕಡೆಗೆ. ಚಿತ್ರ ಬಿಡಿಸುವ ಮುನ್ನ ಗೇಮ್ ಗೊತ್ತಿಲ್ಲದ ಯಾರಿಗಾದರೂ ಬೂದು ಪರದೆಗಳನ್ನು ಕೊಟ್ಟು, ಪಕ್ಕದಲ್ಲಿ ಸುಮ್ಮನೆ ಕೂತು, ಎಲ್ಲಿ ಬಿದ್ದರು ಎಂದು ಬರೆದುಕೊಳ್ಳಿ. ಕೊನೆಯಲ್ಲಿ ‘ಎಂಟನೆಯದು ಯಾರದು?’ ಎಂದು ಅವರು ಕೇಳದಿದ್ದರೆ ಸುರಂಗದ ಮೊದಲ ನಾಲ್ಕು ಪರದೆಗೆ ಮರಳಿ. ಎಣಿಸದೆ ದಾಟಲಾಗದ ಜಾಗಗಳು ಅಲ್ಲಿ ಇನ್ನೂ ಬೇಕಾಗಿವೆ.