ಆಮೆಯ ಮೂಗಿನಿಂದ ಮೈಕೊಪ್ಲಾಸ್ಮ ಬೆಳೆಸಿದ್ದು: ನನ್ನ ಅನುಭವ

ಪಿಸಿಆರ್ ಪರೀಕ್ಷೆ ಇರುವಾಗ, ಆಮೆಗಳಿಗೆ ಮೂಗಿನ ರೋಗ ತರುವ ಮೈಕೊಪ್ಲಾಸ್ಮ ಅಗಾಸಿಜಿ ಎಂಬ ಬ್ಯಾಕ್ಟೀರಿಯಾವನ್ನು ಬೆಳೆಸಲು ಹೊರಡುವುದು ಹಣಕ್ಕೂ ದಂಡ, ಕಾಲಕ್ಕೂ ದಂಡ ಎಂದು ನೆವಾಡಾದ ನಮ್ಮ ಪ್ರಯೋಗಾಲಯದಲ್ಲಿ ಹಲವರು ಹೇಳಿದ್ದರು. ಪಿಸಿಆರ್ ಡಿಎನ್‌ಎ ಇದೆಯೋ ಇಲ್ಲವೋ ಹೇಳುತ್ತದೆ, ಅಷ್ಟೇ. ಯಾವ ಔಷಧಕ್ಕೆ ಬಗ್ಗುತ್ತದೆ ಎಂದು ನೋಡಲು ಜೀವಂತ ಬ್ಯಾಕ್ಟೀರಿಯಾ ಬೇಕು. ಮೊಹಾವಿಯ ಮರುಭೂಮಿ ಆಮೆಗಳ ಮೂಗು ಸೋರುವ ರೋಗಕ್ಕೆ ಇದೇ ಕಾರಣ ಎಂದು 1994ರಲ್ಲಿ ತೋರಿಸಿದವರೂ ಬೆಳೆಸಿಯೇ, ಅದನ್ನು ಆರೋಗ್ಯವಂತ ಆಮೆಗಳ ಮೂಗಿಗೆ ಹಾಕಿಯೇ ತೋರಿಸಿದ್ದರು. ಈಗ ನಮ್ಮ ಮೈನಸ್ 80ರ ಫ್ರೀಜರ್‌ನಲ್ಲಿ ಅದು ಜೀವಂತವಾಗಿದೆ. ಹಾಗಾಗಿ ಬರೆಯುವ ಹಕ್ಕು ನನಗೆ ಬಂದಿದೆ.

ಮೀಡಿಯಂ, ಅಂದರೆ ಬೆಳೆಸುವ ಪೋಷಕ ದ್ರವ, ಎಲ್ಲರೂ ಬಳಸುವ ಎಸ್‌ಪಿ4. ಕೆಂಪಾಗಿರುವ ಅದು, ಒಳಗೆ ಏನಾದರೂ ಬೆಳೆದು ಆಮ್ಲ ಬಿಟ್ಟರೆ ಕಿತ್ತಳೆಗೆ, ಆಮೇಲೆ ಹಳದಿಗೆ ತಿರುಗುತ್ತದೆ. ಅದರಲ್ಲಿ ಐದರಲ್ಲೊಂದು ಪಾಲು ಕರುವಿನ ಭ್ರೂಣದ ಸೀರಮ್ಮೇ. ಅರ್ಧ ಲೀಟರ್ ಬಾಟಲಿಗೆ ಆರೇಳು ನೂರು ಡಾಲರ್ ಕೊಟ್ಟ ನೆನಪು. ಮೊದಲ ವರ್ಷ ಆ ದುಡ್ಡೆಲ್ಲ ಆಟೊಕ್ಲೇವ್ ಮೂಲಕ ಕಸಕ್ಕೆ ಹೋಯಿತು. ಎರಡೇ ದಿನದಲ್ಲಿ ಕೊಳವೆ ಹಳದಿಯಾದರೆ ಹಿಗ್ಗಬೇಡಿ. ಕದಡಿದ್ದರೆ ಅದು ಮೂಗಿನ ಬೇರೆ ನಿವಾಸಿಗಳ ಕೆಲಸ, ಪಾಶ್ಚುರೆಲ್ಲಾ ಜಾತಿಯವೇ ಹೆಚ್ಚು. ನಮ್ಮದು ಬೆಳೆದರೆ ದ್ರವ ತಿಳಿಯಾಗಿಯೇ ಉಳಿದು ಬಣ್ಣ ಮಾತ್ರ ತಿರುಗುತ್ತದೆ.

ಹೆಬ್ಬಾಳದಲ್ಲಿ ಓದುವಾಗ ಕೋಳಿಯ ಮೈಕೊಪ್ಲಾಸ್ಮವಾದ ಗ್ಯಾಲಿಸೆಪ್ಟಿಕಂ ಬೆಳೆಸಿ ಪಳಗಿದ ಕೈ ನನ್ನದು. ಆದರೆ ಅದಕ್ಕೆ ಕೊಡುವ 37 ಡಿಗ್ರಿ ಆಮೆಯ ಬ್ಯಾಕ್ಟೀರಿಯಾಕ್ಕೆ ಒಗ್ಗುವುದಿಲ್ಲ, ಇದಕ್ಕೆ 30 ಬೇಕು. ಇಷ್ಟು ಎಲ್ಲರಿಗೂ ಗೊತ್ತು. ನಿಜವಾದ ತೊಡಕು ಬೇರೆ: ಮೂಗು ತೊಳೆದ ನೀರನ್ನು ನೇರವಾಗಿ ಹಾಕಿದರೆ ಆ ಲೋಳೆಯಲ್ಲಿರುವುದೇ ಬೆಳವಣಿಗೆಯನ್ನು ತಡೆಯುತ್ತದೆ. ನಾನು ಪ್ರತಿ ಸ್ಯಾಂಪಲನ್ನೂ ಹತ್ತು ಪಟ್ಟು, ನೂರು ಪಟ್ಟು, ಸಾವಿರ ಪಟ್ಟು ತೆಳುಗೊಳಿಸಿ ಸಾಲಾಗಿ ಇಟ್ಟೆ. ಇರುವುದೇ ನಾಲ್ಕು ಕಣ, ಅದನ್ನೂ ನೀರಿಗೆ ಬಿಡುತ್ತೀರಾ ಎಂದು ನಕ್ಕವರು ಇದ್ದರು. ನೇರವಾಗಿ ಹಾಕಿದ ಕೊಳವೆ ಕೊಳೆಯಿತು, ಎರಡನೆಯದು ಕೆಂಪಾಗಿಯೇ ಕುಳಿತಿತ್ತು, ನೂರು ಪಟ್ಟಿನದು ಮೂರನೆಯ ವಾರ ದಾಟಿದ ಮೇಲೆ ಕಿತ್ತಳೆಗೆ ತಿರುಗಿತು. ಅಗರ್ ಮೇಲೆ ಹುರಿದ ಮೊಟ್ಟೆಯಂಥ ಕಾಲೊನಿಗಳು ಬಂದವು. ಜಾತಿ ಗುರುತಿಸುವ 16ಎಸ್ ಜೀನನ್ನು ಓದಿಸಿದಾಗ ಅಗಾಸಿಜಿಯೇ, ಅದರ ದಾಯಾದಿ ಟೆಸ್ಟುಡಿನಿಯಮ್ ಅಲ್ಲ.

ಬೇರೆ ಬ್ಯಾಕ್ಟೀರಿಯಾ ತಡೆಯಲು ಹಲವರು ಹಾಕುವ ಥ್ಯಾಲಿಯಂ ಅಸಿಟೇಟ್ ನಾನು ಹಾಕುವುದಿಲ್ಲ. ಅದು ವಿಷ, ವಿಲೇವಾರಿಗೂ ಬೇರೆ ಖರ್ಚು. ಪೆನಿಸಿಲಿನ್ ಸಾಕು, ಕೋಶಭಿತ್ತಿಯೇ ಇಲ್ಲದ ಇದಕ್ಕೆ ಅದು ತಟ್ಟುವುದಿಲ್ಲ. ಜೊತೆಗೆ 0.45 ಮೈಕ್ರಾನ್ ಫಿಲ್ಟರ್, ಇದು ದಾಟುತ್ತದೆ, ದೊಡ್ಡವು ನಿಲ್ಲುತ್ತವೆ. ಮರುಭೂಮಿಯಿಂದ ಪ್ರಯೋಗಾಲಯಕ್ಕೆ ಬರುವ ತನಕ ಸ್ಯಾಂಪಲನ್ನು ಯಾವುದರಲ್ಲಿ ಇಡುತ್ತೇನೆ ಎಂಬುದನ್ನು ಮಾತ್ರ ಪ್ರಬಂಧ ಅಚ್ಚಾಗುವವರೆಗೆ ಹೇಳುವುದಿಲ್ಲ. ಹತ್ತಿ ಸುತ್ತಿದ ಮರದ ಕಡ್ಡಿ ಬೇಡ, ಇಷ್ಟು ಹೇಳಬಲ್ಲೆ.

ದುಡ್ಡು ಉಳಿಸಲು ಕುದುರೆಯ ಸೀರಮ್ ಕೂಡ ಹಾಕಿ ನೋಡಿದೆ. ಒಂದು ಲಾಟ್‌ನಲ್ಲಿ ಸೊಗಸಾಗಿ ಬೆಳೆಯಿತು, ಮುಂದಿನದರಲ್ಲಿ ಏನೂ ಇಲ್ಲ. ಆಮ್ಲಜನಕ ಕಡಿಮೆಯಾಗಲಿ ಎಂದು ಪ್ಲೇಟುಗಳನ್ನು ಮೇಣದ ಬತ್ತಿ ಹಚ್ಚಿದ ಜಾಡಿಯಲ್ಲಿ ಇಟ್ಟೂ ನೋಡಿದೆ. ವ್ಯತ್ಯಾಸ ಕಾಣಲಿಲ್ಲ, ಕೋಣೆಯೆಲ್ಲ ದೇವರ ಮನೆಯ ವಾಸನೆ.

ಕ್ಷೇತ್ರದಲ್ಲಿ ಅವಸರ ಬೇಡ. 1990ರಿಂದ ಈ ಆಮೆ ಅಮೆರಿಕದ ಅಪಾಯದಲ್ಲಿರುವ ಪ್ರಾಣಿಗಳ ಪಟ್ಟಿಯಲ್ಲಿದೆ, ಪರವಾನಗಿ ಇಲ್ಲದೆ ಮುಟ್ಟುವಂತಿಲ್ಲ. ಹೆದರಿದ ಆಮೆ ಮೂತ್ರ ಬಿಟ್ಟುಬಿಡುತ್ತದೆ, ಬರಗಾಲಕ್ಕೆಂದು ಚೀಲದಲ್ಲಿ ಕೂಡಿಟ್ಟ ನೀರು ಅದೇ. ಹಾಗಾದರೆ ಬಿಡುವ ಮೊದಲು ನೀರಿನಲ್ಲಿ ಕೂರಿಸುತ್ತೇವೆ. ಒಂದೊಂದು ಆಮೆಗೂ ಹೊಸ ಕೈಗವಸು.

ಇನ್ನೊಂದು ಮಾತು. ಕೊಳವೆ ಕಿತ್ತಳೆಯಾದ ದಿನವೇ ಸ್ವಲ್ಪವನ್ನು ಹೊಸ ಮೀಡಿಯಂಗೆ ದಾಟಿಸಿ, ಉಳಿದದ್ದನ್ನು ಫ್ರೀಜರ್‌ಗೆ ಹಾಕಿ. ಪೂರ್ತಿ ಹಳದಿಯಾಗಲಿ ಎಂದು ವಾರಾಂತ್ಯ ಕಾದರೆ ಸೋಮವಾರದ ಹೊತ್ತಿಗೆ ಅದು ತನ್ನದೇ ಆಮ್ಲದಲ್ಲಿ ಸತ್ತಿರುತ್ತದೆ.